ಕನ್ನಡಿ ಮೇಷ್ಟ್ರ ಜೊತೆ ಹಾಸನ, ಚಿಕ್ಕಮಗಳೂರಿನ ಗುಡಿಗಳಲ್ಲಿ

ಹೊಯ್ಸಳರ ಗುಡಿಗಳ ಮೇಲೆ ಬಂದಿರುವ ಸಾಕ್ಷ್ಯಚಿತ್ರಗಳನ್ನು ನಾನು ಹುಡುಕಿ ಹುಡುಕಿ ನೋಡುತ್ತೇನೆ. ಅವುಗಳಲ್ಲಿ ಹಲವದರಲ್ಲಿ ಒಬ್ಬ ಹಿರಿಯರು ಬಂದು ಹೋಗುತ್ತಾರೆ. ಬಿಳಿ ಅಂಗಿ, ಹೆಗಲ ಮೇಲೊಂದು ಟವಲ್. ಶಾಸನದ ಎರಡು ಸಾಲು ಓದುತ್ತಾರೆ, ಅರ್ಥ ಹೇಳುತ್ತಾರೆ. ಅಷ್ಟರಲ್ಲಿ ಡ್ರೋನ್ ಮೇಲೇರಿ ಇಡೀ ಗುಡಿ ಕಾಣಿಸುತ್ತದೆ, ಅವರು ಮರೆಯಾಗುತ್ತಾರೆ. ಚಿತ್ರತಂಡದಲ್ಲಿ ಕೆಲಸ ಮಾಡುವ ಗೆಳತಿಯೊಬ್ಬಳು ಒಮ್ಮೆ ಹೇಳಿದಳು: "ಆ ಅರ್ಧ ನಿಮಿಷದ ಹಿಂದೆ ಅವರ ಒಂದು ವಾರದ ಕೆಲಸ ಇರುತ್ತೆ. ಅವರಿಲ್ಲದಿದ್ರೆ ನಮಗೆ ಕ್ಯಾಮೆರಾ ಎಲ್ಲಿ ಇಡಬೇಕು ಅಂತಲೂ ಗೊತ್ತಾಗಲ್ಲ." ಆ ಕೆಲಸ ಏನು ಅಂತ ಕಣ್ಣಾರೆ ನೋಡಬೇಕು ಅನ್ನಿಸಿತು. ಗೆಳತಿಯೇ ಫೋನ್ ಮಾಡಿ ಕೇಳಿದಳು. "ಬರಲಿ, ಆದ್ರೆ ಡಿಸೆಂಬರಿನಲ್ಲಿ ಬರಲಿ, ದಕ್ಷಿಣದ ಗೋಡೆಗಳಿಗೆ ಒಳ್ಳೆ ಬಿಸಿಲು" ಅಂದರಂತೆ.

ಅವರು ಬೇಲೂರು ಕಡೆಯ ಹೈಸ್ಕೂಲಿನಲ್ಲಿ ಚರಿತ್ರೆ ಪಾಠ ಮಾಡಿ ನಿವೃತ್ತರಾದವರು. ಸುತ್ತಮುತ್ತಲಿನ ಊರಿನವರೆಲ್ಲ ಕರೆಯುವುದು ಮೇಷ್ಟ್ರು ಅಂತಲೇ. ನಾನೂ ಇಲ್ಲಿ ಹಾಗೇ ಬರೆಯುತ್ತೇನೆ. ನನ್ನ ತಮ್ಮ ಕಾರು ಓಡಿಸಲು ಒಪ್ಪಿದ. ಹಾಸನದಲ್ಲಿ ರೂಮು ಹಿಡಿದು ಮಲಗಿದ್ದೆವು.

ಶುಕ್ರವಾರ: ದೊಡ್ಡಗದ್ದವಳ್ಳಿ, ಹಳೇಬೀಡು

ಬೆಳಿಗ್ಗೆ ಎದ್ದಾಗ ಹಾಸನ ಮಂಜಿನಲ್ಲಿ ಮುಳುಗಿತ್ತು. ಬಸ್ ಸ್ಟ್ಯಾಂಡ್ ಹತ್ತಿರದ ಸಣ್ಣ ಹೋಟೆಲಿನಲ್ಲಿ ಬಿಸಿ ಅಕ್ಕಿ ರೊಟ್ಟಿ, ಹುಚ್ಚೆಳ್ಳು ಚಟ್ನಿ, ಮೇಲೊಂದು ಚೂರು ಬೆಣ್ಣೆ. ಈ ಚಟ್ನಿಯನ್ನು ಬೆಂಗಳೂರಿನಲ್ಲಿ ಎಷ್ಟು ಸಲ ಮಾಡಿದರೂ ಈ ರುಚಿ ಬಂದಿಲ್ಲ. ಹಾಸನಕ್ಕೆ ಹೋದವರು ಬೆಳಗಿನ ತಿಂಡಿಗೆ ಇಡ್ಲಿ, ದೋಸೆ ಬಿಟ್ಟು ಇದನ್ನೇ ಕೇಳಿ.

ಬೇಲೂರು ರಸ್ತೆಯಲ್ಲಿ ಇಪ್ಪತ್ತು ಕಿಲೋಮೀಟರ್ ಹೋಗಿ ಒಳಗೆ ತಿರುಗಿದರೆ ದೊಡ್ಡಗದ್ದವಳ್ಳಿ. ಹಳ್ಳಿ ರಸ್ತೆಯ ತುಂಬ ಹುರುಳಿ ಹಾಸಿದ್ದರು. ಗಾಡಿಗಳು ಹತ್ತಿ ಇಳಿದರೆ ಕಾಳು ಉದುರುತ್ತದಲ್ವಾ, ಒಕ್ಕಣೆ ಸುಲಭ. ಆದರೆ ನಮ್ಮ ಕಾರು ತಗ್ಗಿನದು. ಸ್ವಲ್ಪ ದೂರ ಹೋಗುವಷ್ಟರಲ್ಲಿ ಬಳ್ಳಿಯೆಲ್ಲ ಚಕ್ರದ ಒಳಗಿನ ಆಕ್ಸಲ್‌ಗೆ ಸುತ್ತಿಕೊಂಡು ಸುಟ್ಟ ವಾಸನೆ ಬಂತು. ತಮ್ಮ ತಕ್ಷಣ ನಿಲ್ಲಿಸಿದ. ಕಣದ ಬದಿಯಲ್ಲಿ ಕೂತಿದ್ದ ಅಜ್ಜಿ ಕುಡುಗೋಲು ಹಿಡಿದು ಎದ್ದು ಬಂದರು. "ಎಳೀಬ್ಯಾಡ ಮಗ, ಕುಯ್ಯಬೇಕು" ಅಂತ ತಮ್ಮನಿಗೆ ಕುಡುಗೋಲು ಕೊಟ್ಟು ಎಲ್ಲಿ ಕೊಯ್ಯಬೇಕು ಅಂತ ತೋರಿಸಿದರು. ಸುಗ್ಗಿಯ ಕಾಲದಲ್ಲಿ ಈ ಕಡೆ ಬರುವವರು ಹುರುಳಿ ಹಾಸಿದ ಕಡೆ ನಿಧಾನವಾಗಿ, ಸಾಧ್ಯವಾದರೆ ಪಕ್ಕದಲ್ಲಿ ಹೋಗಿ. ಬಿಸಿಯಾದ ಸೈಲೆನ್ಸರಿಗೆ ಒಣ ಬಳ್ಳಿ ತಾಗಿದರೆ ಬೆಂಕಿಯೇ ಹತ್ತಬಹುದು.

"ಯಾರ ಮನೆಗೆ ಬಂದಿರಿ?" ಅಂತ ಅಜ್ಜಿ ಕೇಳಿದರು. ಹೇಳಿದೆ.

"ಓ, ಕನ್ನಡಿ ಮೇಷ್ಟ್ರಾ! ನಮ್ಮ ಯಜಮಾನ್ರು ಅವರ ಜೊತೆಗೆ ಹಳಿ ಹೊತ್ತಿದ್ರು. ಟೀವಿಯವರು ಬಂದಾಗ."

ಹಳಿ ಅಂದರೆ ಕ್ಯಾಮೆರಾ ಟ್ರಾಲಿಯ ಹಳಿ. ಕನ್ನಡಿ ಯಾಕೆ ಅಂತ ಕೇಳಿದ್ದಕ್ಕೆ, "ನೀವೇ ನೋಡ್ತೀರಿ, ಹೋಗಿ" ಅಂದು ಕಣಕ್ಕೆ ಹೊರಟುಹೋದರು.

ಮೇಷ್ಟ್ರು ಗುಡಿಯ ಬಾಗಿಲಲ್ಲೇ ಕೂತಿದ್ದರು. ಪಕ್ಕದಲ್ಲಿ ಹಳೆಯ ಕಂಬಳಿ ಸುತ್ತಿದ ಒಂದು ಚಪ್ಪಟೆ ಗಂಟು. ಬಿಚ್ಚಿದರೆ ಒಳಗೆ ಬೀರುವಿನ ಬಾಗಿಲಿನಿಂದ ಕಳಚಿದ ಕನ್ನಡಿ. ಲಕ್ಷ್ಮೀದೇವಿ ಗುಡಿಯ ಒಳಗೆ ಕತ್ತಲು. ನಡುವಿನ ಮಂಟಪಕ್ಕೆ ನಾಲ್ಕು ದಿಕ್ಕಿನಿಂದ ನಾಲ್ಕು ಗರ್ಭಗುಡಿ ಕೂಡಿಕೊಂಡಿವೆ. ಕಾಳಿಯ ಗುಡಿಯ ಮುಂದೆ ಎಲುಬು ಕಾಣುವ ಬೇತಾಳಗಳು ನಿಂತಿವೆ. ಮೇಷ್ಟ್ರು ತಮ್ಮನನ್ನು ಕರೆದು ಕನ್ನಡಿಯನ್ನು ಅಂಗಳದ ಬಿಸಿಲಿಗೆ ಹಿಡಿಸಿದರು. "ಎದುರಿಗೆ ಹಾಕಬೇಡಪ್ಪ, ಬದಿಯಿಂದ ಹಾಕು. ಕಲ್ಲಿನ ಮೇಲೆ ಬೆಳಕು ಜಾರಿಕೊಂಡು ಹೋಗಬೇಕು." ತಮ್ಮ ಕನ್ನಡಿಯನ್ನು ಸ್ವಲ್ಪ ಸ್ವಲ್ಪ ತಿರುಗಿಸಿದ. ಒಂದು ಕೋನಕ್ಕೆ ಬಂದಾಗ ಬೇತಾಳದ ಪಕ್ಕೆಲುಬುಗಳು ಒಂದೊಂದಾಗಿ ಎದ್ದು ನಿಂತವು. ನನಗೆ ಮೈ ಜುಮ್ಮೆಂದಿತು.

ಇದು ಅವರು ಸಿನಿಮಾದವರಿಂದ ಕಲಿತದ್ದಲ್ಲ. ಮಾಸಿದ ಶಾಸನ ಓದುವವರೆಲ್ಲ ಮಾಡುವ ಕೆಲಸ ಇದು. ಬೆಳಕು ಎದುರಿನಿಂದ ಬಿದ್ದರೆ ಅಕ್ಷರ ಕಾಣುವುದಿಲ್ಲ. ಬದಿಯಿಂದ ಬಿದ್ದರೆ ಕೊರೆದ ಜಾಗದಲ್ಲಿ ನೆರಳು ಕೂತು ಅಕ್ಷರ ಏಳುತ್ತದೆ. ಮೊದಲೆಲ್ಲ ಜನ ಸೀಮೆಸುಣ್ಣ ಉಜ್ಜಿಯೋ ಹಿಟ್ಟು ಹಾಕಿಯೋ ಓದುತ್ತಿದ್ದರು. ಅದರಿಂದ ಕಲ್ಲು ಹಾಳು. ಎಷ್ಟೇ ಅವಸರದ ತಂಡ ಬಂದರೂ ಮೇಷ್ಟ್ರು ಸುಣ್ಣ ಮುಟ್ಟಲು ಬಿಡುವುದಿಲ್ಲ.

ಈ ಗುಡಿಯ ಬಗ್ಗೆ ಅವರಿಗೆ ವಿಶೇಷ ಪ್ರೀತಿ. ಕಟ್ಟಿಸಿದ್ದು ರಾಜನಲ್ಲ. ಕುಲ್ಲಹಣ ರಾಹುತ ಅನ್ನುವ ವ್ಯಾಪಾರಿ ಮತ್ತು ಅವನ ಹೆಂಡತಿ ಸಹಜಾದೇವಿ, 1113ರ ಹೊತ್ತಿಗೆ, ಬೇಲೂರಿನ ಗುಡಿಗೂ ಮೊದಲು. "ಗಂಡ ಹೆಂಡತಿ ಇಬ್ಬರ ಹೆಸರೂ ಕಲ್ಲಿನಲ್ಲಿದೆ ಕಣಮ್ಮ. ಆದ್ರೂ ಬರುವವರಿಗೆಲ್ಲ ರಾಜನೇ ಬೇಕು" ಅಂದರು. 2020ರ ನವೆಂಬರಿನಲ್ಲಿ ಇಲ್ಲಿನ ಕಾಳಿಯ ಮೂರ್ತಿ ಒಡೆದುಬಿದ್ದದ್ದು ಕಂಡುಬಂತು. ಪುರಾತತ್ವ ಇಲಾಖೆಯವರು ಚೂರು ಜೋಡಿಸಿ ಮತ್ತೆ ನಿಲ್ಲಿಸಿದ್ದಾರೆ. ಅದರ ಮಾತು ಬಂದಾಗ ಮೇಷ್ಟ್ರು ಬಹಳ ಹೊತ್ತು ಏನೂ ಹೇಳಲಿಲ್ಲ. ಆಮೇಲೆ, "ಅದಕ್ಕೇ ಚಿತ್ರ ತೆಗೆದಿಡಬೇಕು ಅನ್ನೋದು. ಚೆನ್ನಾಗಿ, ಎಲ್ಲ ಕಡೆಯಿಂದ" ಅಂದರು. ಗುಡಿಯ ಹಿಂದಿನ ಕೆರೆ ತುಂಬಿತ್ತು. ಮಂಜು ಕರಗಿದ ಮೇಲೆ ಅಲ್ಲಿ ಹೋಗಿ ಒಂದಿಷ್ಟು ಹೊತ್ತು ಕೂತು ಬಂದೆವು.

ಹಳೇಬೀಡಿಗೆ ಹೋಗುವ ದಾರಿಯಲ್ಲಿ ಅವರು ತಮ್ಮ ಕಥೆ ಹೇಳಿದರು. ದೂರದರ್ಶನ ಒಂದೇ ಇದ್ದ ಕಾಲ. ತಂಡವೊಂದು ಬಂತು, ಹಳಗನ್ನಡ ಓದುವವರು ಯಾರಾದರೂ ಇದ್ದಾರಾ ಅಂತ ಶಾಲೆಗೆ ಹುಡುಕಿಕೊಂಡು ಬಂದರು. ಆಗ 16 ಎಂಎಂ ಫಿಲ್ಮ್. ನಾಲ್ಕುನೂರು ಅಡಿಯ ಒಂದು ರೋಲ್ ಹನ್ನೊಂದು ನಿಮಿಷಕ್ಕೆ ಮುಗಿದುಹೋಗುತ್ತದೆ. ಒಂದು ಮಾತು ತಪ್ಪಿದರೂ ಅಷ್ಟು ಫಿಲ್ಮ್ ದಂಡ. ಹಾಗಾಗಿ ರಾತ್ರಿಯೆಲ್ಲ ಕೂತು, ಏನು ಹೇಳಬೇಕು, ಎಷ್ಟು ಹೇಳಬೇಕು ಅಂತ ಬರೆದು, ಹೆಂಡತಿಯ ಮುಂದೆ ಓದಿ, ಗಡಿಯಾರ ನೋಡಿ ಕಡಿಮೆ ಮಾಡುತ್ತಿದ್ದರು. ಆಮೇಲೆ ಟೇಪು ಬಂತು, ಮೆಮೊರಿ ಕಾರ್ಡು ಬಂತು. "ಈಗ ಎಷ್ಟು ಬೇಕಾದ್ರೂ ಮಾತಾಡಿ ಅಂತಾರೆ. ನಾನು ಈಗಲೂ ಹನ್ನೊಂದು ನಿಮಿಷಕ್ಕೆ ತಯಾರಾಗೇ ಹೋಗ್ತೀನಿ." ಅವರ ಮಾತು ಚಿತ್ರಗಳಲ್ಲಿ ಯಾಕೆ ಅಷ್ಟು ಚೊಕ್ಕಟವಾಗಿರುತ್ತದೆ ಅಂತ ನನಗೆ ಆಗ ತಿಳಿಯಿತು.

ಹೊಯ್ಸಳೇಶ್ವರ ಗುಡಿಯ ಮುಂದೆ ಶಾಲಾ ಮಕ್ಕಳ ಬಸ್ಸುಗಳ ಸಾಲು. 2023ರ ಸೆಪ್ಟೆಂಬರಿನಲ್ಲಿ ಬೇಲೂರು, ಹಳೇಬೀಡು, ಸೋಮನಾಥಪುರ ಮೂರೂ ಸೇರಿ ವಿಶ್ವ ಪರಂಪರೆಯ ಪಟ್ಟಿಗೆ ಹೋದವು. ಅಲ್ಲಿಂದ ಇಲ್ಲಿಗೆ ಬರುವ ಚಿತ್ರತಂಡಗಳೂ ಜಾಸ್ತಿಯಾಗಿವೆಯಂತೆ. ಸುಮ್ನೆ ಫೋಟೋ ತೆಗೆಯಲು ತೊಂದರೆಯಿಲ್ಲ. ಟ್ರೈಪಾಡ್, ಡ್ರೋನ್ ಅಂದರೆ ಇಲಾಖೆಯ ಅನುಮತಿ ಬೇಕು. ಅನುಮತಿಯಿಲ್ಲದೆ ಬಂದವರ ಪರವಾಗಿ ಮೇಷ್ಟ್ರು ಕಾವಲಿನವರ ಹತ್ತಿರ ಎಂದೂ ಮಾತಾಡಿಲ್ಲ.

ಅವರ ಜೊತೆ ಗುಡಿ ಸುತ್ತುವುದು ಅಂದರೆ ಬಿಸಿಲಿನ ಪಾಠ. ಬೆಳಿಗ್ಗೆ ಪೂರ್ವದ ಬಾಗಿಲುಗಳು. ಮಧ್ಯಾಹ್ನ ಮೂರರ ಮೇಲೆ ಪಶ್ಚಿಮದ ಗೋಡೆ, ಅಲ್ಲೇ ದೊಡ್ಡ ಮೂರ್ತಿಗಳಿರುವುದು. ಡಿಸೆಂಬರಿನಲ್ಲಿ ಸೂರ್ಯ ದಕ್ಷಿಣಕ್ಕೆ ವಾಲಿರುವುದರಿಂದ ಉತ್ತರದ ಗೋಡೆಗೆ ಬಿಸಿಲೇ ಇಲ್ಲ. "ಉತ್ತರದ ಗೋಡೆ ಬೇಕು ಅನ್ನೋರು ಮೇ ತಿಂಗಳಲ್ಲಿ ಬರಬೇಕು. ಆಗ ಸೂರ್ಯ ನಮ್ಮ ನೆತ್ತಿ ದಾಟಿ ಉತ್ತರಕ್ಕೆ ಹೋಗಿರ್ತಾನೆ. ಜೂನ್ ಅಂದ್ರೆ ಮಳೆ ಹಿಡಿಯುತ್ತೆ." ಇಷ್ಟನ್ನು ತಿಳಿಯದೆ ಎಲ್ಲಿಂದಲೋ ಬಂದು, ಲೈಟು ಬಾಡಿಗೆಗೆ ತಂದು, ಖರ್ಚು ಮಾಡಿ ಹೋದ ತಂಡಗಳನ್ನು ಅವರು ನೋಡಿದ್ದಾರೆ.

ಪಶ್ಚಿಮದ ಗೋಡೆಗೆ ಬಿಸಿಲು ಬರುವವರೆಗೆ ಗುಡಿಯ ದಕ್ಷಿಣಕ್ಕಿರುವ ಗರುಡಗಂಬದ ಹತ್ತಿರ ನಿಂತೆವು. ಎರಡನೇ ವೀರಬಲ್ಲಾಳನ ಗರುಡನಾಗಿದ್ದ ಕುವರ ಲಕ್ಷ್ಮನ ಕಂಬ ಇದು. ಒಡೆಯ ಸತ್ತರೆ ತಾನೂ ಸಾಯುತ್ತೇನೆ ಅಂತ ಭಾಷೆ ಕೊಟ್ಟವನು ಗರುಡ. ಲಕ್ಷ್ಮ, ಅವನ ಹೆಂಡತಿ ಸುಗ್ಗಲದೇವಿ, ಜೊತೆಯ ಸಾವಿರ ವೀರರು ಪ್ರಾಣ ಕೊಟ್ಟ ಕಥೆ ಇಲ್ಲಿದೆ. ಕಂಬದ ಮೇಲೆ ಕತ್ತಿಯಿಂದ ತಮ್ಮ ತಲೆಯನ್ನೇ ಕತ್ತರಿಸಿಕೊಳ್ಳುವ ಸಣ್ಣ ಆಕೃತಿಗಳಿವೆ. ಪ್ರವಾಸಿಗರು ಇದಕ್ಕೆ ಒರಗಿ ಸೆಲ್ಫಿ ತೆಗೆದುಕೊಳ್ಳುತ್ತಾರೆ, ತಿಳಿಯದೆ. ಮೇಷ್ಟ್ರು ಒಂದು ಶಾಲೆಯ ಮಕ್ಕಳನ್ನು ಕರೆದು, ನಿಧಾನವಾಗಿ, ಹೆದರಿಸದೆ ಆ ಕಥೆ ಹೇಳಿದರು. ಗಲಾಟೆ ಮಾಡುತ್ತಿದ್ದ ಮಕ್ಕಳು ಬಾಯಿ ಬಿಡದೆ ಕೇಳಿದರು. ಒಬ್ಬಳು ಹುಡುಗಿ, "ಸುಗ್ಗಲದೇವಿಗೆ ಇಷ್ಟ ಇತ್ತಾ ಸಾರ್?" ಅಂತ ಕೇಳಿದಳು. "ಅದನ್ನ ಕಲ್ಲು ಹೇಳಲ್ಲಮ್ಮ" ಅಂದರು ಮೇಷ್ಟ್ರು. ಹುಡುಗಿಯ ಪ್ರಶ್ನೆಯೂ, ಅವರ ಉತ್ತರವೂ ನನಗೆ ಬಹಳ ಇಷ್ಟವಾದವು.

ಇತ್ತೀಚೆಗೆ ಅವರಿಗೆ ಜಾಸ್ತಿ ಬೇಸರ ತರುವುದು ಯಂತ್ರದ ಕಥೆ. ಗುಡಿಯೊಳಗಿನ ದುಂಡು ಕಂಬಗಳನ್ನು ತೋರಿಸಿ, ಆ ಕಾಲದಲ್ಲೇ ವಿದ್ಯುತ್ ಯಂತ್ರ ಇತ್ತು ಅಂತ ಹೇಳಿ ಎಂದು ಕೇಳುವವರು ಬರುತ್ತಾರಂತೆ. ಕಂಬಗಳನ್ನು ತಿರುಗಿಸಿ ಕಡೆದದ್ದು ನಿಜ, ಅದರ ಗೆರೆಗಳು ಕಣ್ಣಿಗೇ ಕಾಣುತ್ತವೆ. ಕಲ್ಲು ಬಳಪದ್ದು. ಗಣಿಯಿಂದ ಹೊಸದಾಗಿ ತೆಗೆದಾಗ ಮೆದುವಾಗಿದ್ದು, ಗಾಳಿ ಬಿಸಿಲಿಗೆ ಬಿದ್ದ ಮೇಲೆ ಗಟ್ಟಿಯಾಗುತ್ತದೆ. ಅದಕ್ಕೇ ಮೂರ್ತಿಯ ಬೆರಳಿನ ಉಂಗುರದವರೆಗೂ ಕೆತ್ತಲು ಆಗಿದೆ. ಅರ್ಧಕ್ಕೆ ಬಿಟ್ಟ ಕೆತ್ತನೆಗಳ ಮುಂದೆ ನಿಲ್ಲಿಸಿ ಅವರು ಉಳಿಯ ಗುರುತು ತೋರಿಸಿದರು. "ಮನುಷ್ಯರು ಕೈಯಲ್ಲಿ ಮಾಡಿದ್ದಾರೆ, ತಲೆ ಓಡಿಸಿ ಮಾಡಿದ್ದಾರೆ. ಇದಕ್ಕಿಂತ ದೊಡ್ಡದು ಏನು ಬೇಕು? ಯಂತ್ರ ಅಂದ್ರೆ ಆ ಶಿಲ್ಪಿಗೆ ಅವಮಾನ" ಅಂದರು. ಒಂದು ತಂಡ ಅವರಿಗೆ ಒಳ್ಳೆ ಹಣ ಕೊಡುತ್ತೇವೆ, ಹಾಗೆ ಹೇಳಿ ಅಂದಿತ್ತಂತೆ. ಆ ದಿನ ಕನ್ನಡಿ ಸುತ್ತಿಕೊಂಡು ಬಸ್ಸು ಹತ್ತಿ ಮನೆಗೆ ಬಂದರಂತೆ.

ಸಂಜೆ ಬಸ್ತಿಹಳ್ಳಿಯ ಬಸದಿಗಳು. ಹೊಯ್ಸಳೇಶ್ವರದಿಂದ ನಡೆದೇ ಹೋಗಬಹುದು. ಆದರೂ ಬಸ್ಸಿನಲ್ಲಿ ಬಂದವರು ಯಾರೂ ಈ ಕಡೆ ಬರುವುದಿಲ್ಲ. ಪಾರ್ಶ್ವನಾಥ ಬಸದಿಯ ಕಂಬಗಳ ಹೊಳಪು ಹೇಗಿದೆಯೆಂದರೆ ಎದುರು ನಿಂತರೆ ನಮ್ಮ ಆಕಾರ ಕಾಣುತ್ತದೆ. 1133ರ ಬಸದಿ. ಕ್ಯಾಮೆರಾದವರಿಗೆ ಈ ಹೊಳಪು ಅಂದರೆ ಪ್ರಾಣ. ಇನ್ನೂ ಹೊಳೆಯಲಿ ಅಂತ ಎಣ್ಣೆ ಸವರಲು ಹೋದವರೂ ಇದ್ದಾರೆ. ಮೇಷ್ಟ್ರು ಟವಲಿನಿಂದ ಧೂಳು ಹೊಡೆಯಲೂ ಬಿಡುವುದಿಲ್ಲ. ಧೂಳಿನ ಮರಳೇ ಗೀರು ಹಾಕುತ್ತದಂತೆ.

ರಾತ್ರಿ ಊಟ ಅವರ ಮನೆಯಲ್ಲಿ. ಸೊಗಡಿನ ಅವರೆಕಾಯಿ ಕಾಲ. ಹಿತಕಿದ ಬೇಳೆ ಸಾರು, ಬಿಸಿ ರಾಗಿ ಮುದ್ದೆ, ಮೇಲೆ ತುಪ್ಪ. ಮೇಷ್ಟ್ರ ಹೆಂಡತಿ ಸಂಜೆಯಿಂದ ಕೂತು ಅವರೆಕಾಳು ಹಿತಕಿದ್ದರು. "ಟೀವಿಯವರು ಬಂದ್ರೆ ಹದಿನೈದು ಜನಕ್ಕೆ ಹಿತಕಬೇಕಿತ್ತು, ನೀವು ಇಬ್ಬರೇ" ಅಂತ ಎರಡನೇ ಮುದ್ದೆ ಹಾಕಿಯೇಬಿಟ್ಟರು. ಈ ಮನೆಯ ಅಡುಗೆಯೂ ಆ ಸಾಕ್ಷ್ಯಚಿತ್ರಗಳ ಒಂದು ಪಾಲು ಅಂತ ನನಗನ್ನಿಸಿತು. ಯಾವ ಚಿತ್ರದ ಕೊನೆಯಲ್ಲೂ ಅವರ ಹೆಸರು ಬಂದಿಲ್ಲ. ಬರಬೇಕಿತ್ತು.

ಶನಿವಾರ: ಬೇಲೂರು, ಹಲ್ಮಿಡಿ

ಶನಿವಾರ ಬೇಲೂರಿಗೆ ಹೋಗುವವರು ಬಾಗಿಲು ತೆಗೆಯುವ ಹೊತ್ತಿಗೇ ಹೋಗಿ. ಒಂಬತ್ತಾದರೆ ಚಪ್ಪಲಿ ಬಿಡುವಲ್ಲೇ ಜಾತ್ರೆ. ಬಿಸಿಲೇರಿದರೆ ಅಂಗಳದ ಕಲ್ಲು ಕಾಲು ಸುಡುತ್ತದೆ, ಒಂದು ಜೊತೆ ಕಾಲುಚೀಲ ಇಟ್ಟುಕೊಂಡರೆ ನೆಮ್ಮದಿ.

ಒಬ್ಬ ಗೈಡ್ ದೊಡ್ಡ ಗುಂಪಿಗೆ, ಈ ಗುಡಿ ಕಟ್ಟಲು 103 ವರ್ಷ ಹಿಡಿಯಿತು, ಜಕಣಾಚಾರಿ ಕಟ್ಟಿದ ಅಂತ ಹೇಳುತ್ತಿದ್ದರು. ಮೇಷ್ಟ್ರು ಅಡ್ಡ ಬಾಯಿ ಹಾಕಲಿಲ್ಲ. "ಅವರ ಹೊಟ್ಟೆಪಾಡು. ಎಲ್ಲರ ಮುಂದೆ ತಿದ್ದಬಾರದು" ಅಂದರು. ಆದರೆ ಕ್ಯಾಮೆರಾ ಮುಂದೆ ಅವರು ಈ ಮಾತು ಬರಲು ಬಿಡುವುದಿಲ್ಲ. ವಿಷ್ಣುವರ್ಧನ ಇಲ್ಲಿನ ದೇವರಾದ ವಿಜಯನಾರಾಯಣನನ್ನು ಪ್ರತಿಷ್ಠೆ ಮಾಡಿದ್ದು 1117ರಲ್ಲಿ ಅಂತ ಶಾಸನವೇ ಇದೆ. ಶಾಂತಲೆ ಕಟ್ಟಿಸಿದ ಕಪ್ಪೆ ಚೆನ್ನಿಗರಾಯನ ಗುಡಿಯೂ ಅದೇ ಕಾಲದ್ದು. ಕಿಂಡಿ ಕೊರೆದ ಕಲ್ಲಿನ ಜಾಲಂಧ್ರಗಳು ಆಮೇಲೆ ಬಲ್ಲಾಳನ ಕಾಲದಲ್ಲಿ ಸೇರಿದವು. ಹೊರಗಿನ ಗೋಪುರ ವಿಜಯನಗರದ ಕಾಲದ್ದು. ಹೀಗೆ ಒಂದೊಂದು ಕಾಲದಲ್ಲಿ ಒಂದೊಂದು ಸೇರಿದೆ.

ಜಕಣಾಚಾರಿಯ ಕಥೆಯನ್ನು ಅವರು ಕಥೆಯಾಗಿ ಪ್ರೀತಿಸುತ್ತಾರೆ. ಶಾಲೆಯಲ್ಲಿ ಮಕ್ಕಳಿಗೆ ಹೇಳಿದ್ದಾರೆ, ಕಪ್ಪೆ, ನೀರು, ಮಗ ಡಂಕಣಾಚಾರಿ, ಎಲ್ಲ. ಆದರೆ ಶಾಸನಗಳಲ್ಲಿ ಆ ಹೆಸರಿಲ್ಲ. ಇರುವ ಹೆಸರುಗಳು ಬೇರೆ. ನಮ್ಮನ್ನು ಮದನಿಕೆಯೊಂದರ (ಸೂರಿಗೆ ಒರಗಿಸಿದ ಹೆಣ್ಣಿನ ಮೂರ್ತಿ) ಕೆಳಗೆ ನಿಲ್ಲಿಸಿ ಕನ್ನಡಿಯ ಬೆಳಕು ಮೇಲಕ್ಕೆ ಹಾಯಿಸಿದರು. ಅಡಿಯ ಪಟ್ಟಿಯಲ್ಲಿ ಸಣ್ಣ ಅಕ್ಷರಗಳು. ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ ಇಲ್ಲಿ ಕೆಲಸ ಮಾಡಿದವರು. ಶಿವಮೊಗ್ಗ ಜಿಲ್ಲೆಯ ಬಳ್ಳಿಗಾವೆಯಿಂದ ಅಪ್ಪ ಮಗ ಉಳಿ, ಸುತ್ತಿಗೆ ಕಟ್ಟಿಕೊಂಡು ಇಲ್ಲಿಗೆ ಬಂದರಲ್ಲ, ದಾರಿಯಲ್ಲಿ ಏನು ತಿಂದರೋ, ಎಲ್ಲಿ ಮಲಗಿದರೋ. ಒಟ್ಟು 42 ಮದನಿಕೆಯರಲ್ಲಿ 38 ಹೊರಗೆ, ನಾಲ್ಕು ಒಳಗೆ. ಎಲ್ಲರೂ ದರ್ಪಣ ಸುಂದರಿಯ ಮುಂದೆ ನಿಂತು ಫೋಟೋ ತೆಗೆದು ಹೋಗುತ್ತಾರೆ. ಸ್ವಲ್ಪ ಕತ್ತೆತ್ತಿ ಅಡಿಯ ಅಕ್ಷರಗಳನ್ನೂ ಹುಡುಕಿ. ಒಂದು ಹೆಸರು ಕಣ್ಣಿಗೆ ಬಿದ್ದರೆ ಸಾಕು, ಆಮೇಲೆ ಇಡೀ ಗುಡಿ ಬೇರೆ ರೀತಿ ಕಾಣುತ್ತದೆ.

ಅವರ ಮೊದಲ ಚಿತ್ರದಲ್ಲಿ ದಾಸೋಜನ ಹೆಸರನ್ನು ಕತ್ತರಿಸಿ ಹಾಕಿದ್ದರಂತೆ. ಜನಕ್ಕೆ ಗೊತ್ತಿಲ್ಲದ ಹೆಸರು ಯಾಕೆ ಅಂತ. ಅಲ್ಲಿಂದ ಮುಂದೆ ಪ್ರತಿ ತಂಡಕ್ಕೂ ಮೊದಲೇ ಒಂದು ಮಾತು: ಶಿಲ್ಪಿಯ ಹೆಸರು ಇಡುತ್ತೀರಾದರೆ ಬರುತ್ತೇನೆ. ಈಗಿನ ಚಿತ್ರಗಳಲ್ಲಿ ದಾಸೋಜ, ಚಾವಣ, ಮಲ್ಲಿತಮ್ಮ ಅನ್ನುವ ಹೆಸರು ಕೇಳಿಸಿದಾಗ, ಅದರಲ್ಲಿ ಈ ಮನುಷ್ಯನ ಹಟ ಎಷ್ಟಿದೆ ಅಂತ ಯಾರಿಗೂ ಗೊತ್ತಾಗುವುದಿಲ್ಲ.

ಮಧ್ಯಾಹ್ನ ಊಟ ಮುಗಿಸಿ ಹಲ್ಮಿಡಿಗೆ ಹೊರಟೆವು. ದಾರಿಯಲ್ಲಿ ಟೈರು ಪಂಕ್ಚರ್. ಸ್ಟೆಪ್ನಿಯಲ್ಲಿ ಗಾಳಿ ಇರಲಿಲ್ಲ. ಪಕ್ಕದ ತೋಟದಿಂದ ಬಂದ ಹುಡುಗ ಬೈಕಿನಲ್ಲಿ ಟೈರು ಕಟ್ಟಿಕೊಂಡು ಹೋದ. ಅವನು ಬರುವವರೆಗೆ ಮೋರಿಯ ಮೇಲೆ ಕೂತು ಮೇಷ್ಟ್ರ ಮಾತು ಕೇಳಿದೆವು. ನಿಜ ಹೇಳಬೇಕೆಂದರೆ ಇಡೀ ಪ್ರವಾಸದಲ್ಲಿ ಅತ್ಯಂತ ಒಳ್ಳೆಯ ಹೊತ್ತು ಅದು.

1936ರಲ್ಲಿ ಹಲ್ಮಿಡಿ ಶಾಸನವನ್ನು ಜಗತ್ತಿಗೆ ತಿಳಿಸಿದವರು ಮೈಸೂರು ಪುರಾತತ್ವ ಇಲಾಖೆಯ ಎಂ. ಎಚ್. ಕೃಷ್ಣ. ಅವರೇ ಚಿತ್ರದುರ್ಗದ ಚಂದ್ರವಳ್ಳಿ, ಬ್ರಹ್ಮಗಿರಿಗಳಲ್ಲೂ ಅಗೆಸಿದವರು. ಆಮೇಲೆ 1947ರಲ್ಲಿ ಬ್ರಿಟಿಷ್ ಪುರಾತತ್ವಜ್ಞ ಮಾರ್ಟಿಮರ್ ವೀಲರ್ ಅದೇ ಜಾಗಗಳಿಗೆ ಬಂದರು. ಪುದುಚೇರಿ ಹತ್ತಿರದ ಅರಿಕಮೇಡುವಿನಲ್ಲಿ ರೋಮಿನಿಂದ ಬಂದ ಮಡಕೆಗಳ ಕಾಲ ಅವರಿಗೆ ಗೊತ್ತಾಗಿತ್ತು. ಅವುಗಳ ಜೊತೆಗೇ ಸಿಗುವ ಇಲ್ಲಿನ ಮಡಕೆಗಳು ಬ್ರಹ್ಮಗಿರಿಯಲ್ಲೂ ಸಿಕ್ಕವು. ಹಾಗೆ ನಮ್ಮ ಬೃಹತ್ ಶಿಲಾ ಸಮಾಧಿಗಳ ಕಾಲಕ್ಕೆ ಒಂದು ಗೂಟ ಹೊಡೆದಂತಾಯಿತು. ಅದೇ ವೀಲರ್ ಇಂಗ್ಲೆಂಡಿಗೆ ಹೋಗಿ ಬಿಬಿಸಿ ಟೀವಿಯಲ್ಲಿ ಹಳೆಯ ವಸ್ತುಗಳನ್ನು ಗುರುತಿಸುವ ಕಾರ್ಯಕ್ರಮದಿಂದ ಮನೆಮಾತಾದರು. 1954ರಲ್ಲಿ ಆ ದೇಶದ ವರ್ಷದ ಟೀವಿ ವ್ಯಕ್ತಿ ಅನ್ನಿಸಿಕೊಂಡರು. "ಭೂಮಿ ಅಗೆಯುವವನ ಮಾತನ್ನ ಜನ ಮನೆಯಲ್ಲಿ ಕೂತು ಕೇಳ್ತಾರೆ ಅಂತ ಆಗ ಗೊತ್ತಾಯ್ತು ಕಣಪ್ಪ" ಅಂತ ತಮ್ಮನಿಗೆ ಹೇಳಿದರು. "ಆದ್ರೆ ಬ್ರಹ್ಮಗಿರಿಯಲ್ಲಿ ಗುದ್ದಲಿ ಹಿಡಿದವರು ಪಕ್ಕದ ಊರಿನವರು. ಅವರಿಗೆ ಯಾವ ಮಣ್ಣು ಎಲ್ಲಿ ಬದಲಾಗುತ್ತೆ ಅಂತ ಕೈಗೇ ತಿಳೀತಿತ್ತು. ಅವರನ್ನ ಯಾರೂ ಮಾತಾಡಿಸಲಿಲ್ಲ."

ಹಲ್ಮಿಡಿಗೆ ತಲುಪಿದಾಗ ನಾಲ್ಕು ದಾಟಿತ್ತು. ಮೂಲ ಕಲ್ಲು ಊರಿನಲ್ಲಿಲ್ಲ, ಮೈಸೂರಿಗೆ ಹೋಗಿದೆ. ಇಲ್ಲಿರುವುದು ಫೈಬರಿನ ಪ್ರತಿಕೃತಿ. ಇದನ್ನು ತಿಳಿಯದೆ ಬರುವವರಿಗೆ ನಿರಾಸೆಯಾಗುತ್ತದೆ, ನಮಗೆ ಮೊದಲೇ ಗೊತ್ತಿತ್ತು. ಹದಿನಾರು ಸಾಲು. ಕದಂಬ ಕಾಕುಸ್ಥನ ಹೆಸರು ಬರುತ್ತದೆ. ಯುದ್ಧದಲ್ಲಿ ಹೋರಾಡಿದ ವಿಜ ಅರಸನಿಗೆ ಪಲ್ಮಿಡಿ, ಮೂಳಿವಳ್ಳಿ ಎರಡು ಊರು ಕೊಟ್ಟ ವಿಷಯ. ಕಾಲ ಸುಮಾರು 450 ಅಂತ ಹೇಳುತ್ತಾರೆ. ಕನ್ನಡದ ಮೊದಲ ಶಾಸನ ಅಂತ ಶಾಲೆಯಲ್ಲಿ ಓದಿದ್ದು ನೆನಪಿದೆಯಲ್ವಾ? ಈಗ ಶಿವಮೊಗ್ಗ ಜಿಲ್ಲೆಯ ತಾಳಗುಂದದಲ್ಲಿ ಸಿಕ್ಕ ಸಿಂಹಕಟಾಂಜನ ಶಾಸನ 370ರದ್ದು, ಇದಕ್ಕಿಂತ ಹಳೆಯದು ಎನ್ನುವ ವಿದ್ವಾಂಸರಿದ್ದಾರೆ. ಮೇಷ್ಟ್ರು ಅದನ್ನೂ ಹೇಳುತ್ತಾರೆ, ಇದೇ ಊರಿನಲ್ಲಿ ನಿಂತು ಹೇಳುತ್ತಾರೆ. ಊರಿನವರಿಗೆ ಬೇಜಾರಾಗಲ್ವಾ ಅಂತ ಕೇಳಿದೆ. ಜಗಲಿಯ ಮೇಲೆ ಕೂತಿದ್ದ ಹಿರಿಯರೊಬ್ಬರು ಅವರೇ ಉತ್ತರ ಕೊಟ್ಟರು: "ಏನ್ ಬೇಜಾರು? ನಮ್ಮೂರ ಹೆಸರು ಅವತ್ತೇ ಕಲ್ಲಲ್ಲಿ ಬಂದೈತೆ. ಅದನ್ನ ಯಾರು ಕಿತ್ಕೊಳ್ತಾರೆ?" ಆಮೇಲೆ ಮನೆಯೊಳಗೆ ಕರೆದು ಬೆಲ್ಲದ ಕಾಫಿ ಕೊಟ್ಟರು.

ಕತ್ತಲಾಗುವ ಹೊತ್ತಿಗೆ ಚಿಕ್ಕಮಗಳೂರು ಸೇರಿದೆವು. ಚಳಿ ಜಾಸ್ತಿ ಇತ್ತು.

ಭಾನುವಾರ: ಬೆಳವಾಡಿ, ಅಮೃತಾಪುರ

ಬೆಳಿಗ್ಗೆ ಕಡುಬು, ಕಾಯಿ ಚಟ್ನಿ ತಿಂದು ಬೆಳವಾಡಿಗೆ ಹೋದೆವು. ಜಾವಗಲ್ ರಸ್ತೆಯಲ್ಲಿ ಮುಕ್ಕಾಲು ಗಂಟೆ. ವೀರನಾರಾಯಣ, ವೇಣುಗೋಪಾಲ, ಯೋಗನರಸಿಂಹ, ಮೂರು ಗರ್ಭಗುಡಿಗಳ ದೊಡ್ಡ ಗುಡಿ. ಹೊರಗೋಡೆಯಲ್ಲಿ ಹಳೇಬೀಡಿನಷ್ಟು ಕೆತ್ತನೆ ಇಲ್ಲ, ಆದರೆ ಒಳಗಿನ ಕಂಬಗಳ ಸಾಲು ನೋಡಲು ಎರಡು ಕಣ್ಣು ಸಾಲದು. ಅಲ್ಲಿ ಜಾಸ್ತಿ ಹೊತ್ತು ನಿಲ್ಲಲಿಲ್ಲ. ಮೇಷ್ಟ್ರಿಗೆ ಅಮೃತಾಪುರದಲ್ಲಿ ಮಧ್ಯಾಹ್ನದ ಬಿಸಿಲು ಬೇಕಿತ್ತು.

ಲಿಂಗದಹಳ್ಳಿ ಮೇಲಿನ ದಾರಿ ಹಿಡಿದೆವು. ಎಡಕ್ಕೆ ಬಾಬಾಬುಡನ್‌ಗಿರಿಯ ಬೆಟ್ಟಗಳ ಸಾಲು, ರಸ್ತೆಯ ಬದಿಯಲ್ಲಿ ಕಾಫಿ ಕೊಯ್ಲಿಗೆ ಹೊರಟ ಹೆಂಗಸರು. ಅಲ್ಲಲ್ಲಿ ಅಂಗಳದಲ್ಲಿ ಕೆಂಪು ಹಣ್ಣು ಹರಡಿದ್ದರು. ರಸ್ತೆ ಚೆನ್ನಾಗಿದೆ, ತಿರುವುಗಳಲ್ಲಿ ಮಾತ್ರ ಜೋಪಾನ. ತರೀಕೆರೆ ಮುಟ್ಟುವ ಮೊದಲೇ ಮೋಡ ಕಟ್ಟಿ ತುಂತುರು ಹಿಡಿಯಿತು. ಡಿಸೆಂಬರಿನಲ್ಲಿ ಮಳೆ! ಮೇಷ್ಟ್ರು ಕಿಟಕಿಯಿಂದ ಆಕಾಶ ನೋಡುತ್ತಾ ಸುಮ್ಮನಾದರು. ನಾವು ಗುಡಿ ಸೇರಿ ಮಂಟಪದಲ್ಲಿ ಕೂತೆವು. ಅರ್ಚಕರ ಮನೆಯವರು ಬಾಳೆಹಣ್ಣು, ಕೊಬ್ಬರಿ ಸಕ್ಕರೆ ಕೊಟ್ಟರು.

ಅಮೃತೇಶ್ವರ ಗುಡಿಯನ್ನು 1196ರಲ್ಲಿ ಎರಡನೇ ವೀರಬಲ್ಲಾಳನ ದಂಡನಾಯಕ ಅಮೃತೇಶ್ವರ ಕಟ್ಟಿಸಿದ. ಬಾಗಿಲ ಹತ್ತಿರದ ದೊಡ್ಡ ಶಾಸನದಲ್ಲಿ ಕವಿ ಜನ್ನನ ಪದ್ಯಗಳಿವೆ. ಮಳೆ ನಿಲ್ಲುವವರೆಗೆ ಮೇಷ್ಟ್ರು ಅವನ್ನು ಓದಿದರು. ಓದುವಾಗ ಅವರ ದನಿಯೇ ಬೇರೆ. ಕ್ಯಾಮೆರಾ ಇಲ್ಲ, ಗಡಿಯಾರ ಇಲ್ಲ. ಮಳೆಯ ಸದ್ದಿನ ಮೇಲೆ ಎತ್ತರಿಸಿ ಓದಿದರು. ರೂವಾರಿ, ಅಂದರೆ ಶಿಲ್ಪಿ, ಮಲ್ಲಿತಮ್ಮ ಎಳೆಯನಾಗಿ ಕೆಲಸ ಶುರುಮಾಡಿದ್ದು ಇಲ್ಲೇ ಅಂತ ಹೇಳುತ್ತಾರೆ. ಅರವತ್ತಕ್ಕೂ ಹೆಚ್ಚು ವರ್ಷಗಳ ಮೇಲೆ ಕಟ್ಟಿದ ಸೋಮನಾಥಪುರದಲ್ಲೂ ಅವನ ಹೆಸರು ಕೆತ್ತಿದ ಮೂರ್ತಿಗಳಿವೆ. ಎಂಥ ಆಯುಷ್ಯ!

ಎರಡರ ಹೊತ್ತಿಗೆ ಮೋಡ ಸರಿಯಿತು. ತೆರೆದ ಮಂಟಪದ ಹೊರ ಅಂಚಿನ ಗೋಡೆಯ ಮೇಲೆ 140 ಸಣ್ಣ ಫಲಕಗಳಿವೆ. ದಕ್ಷಿಣದ ಕಡೆ ಎಪ್ಪತ್ತರಲ್ಲಿ ರಾಮಾಯಣ. ಉತ್ತರದ ಕಡೆ ಇಪ್ಪತ್ತೈದರಲ್ಲಿ ಕೃಷ್ಣನ ಬಾಲ್ಯ, ನಲವತ್ತೈದರಲ್ಲಿ ಮಹಾಭಾರತ. ಉತ್ತರದ್ದು ಪ್ರದಕ್ಷಿಣೆ ಹಾಕುವಂತೆಯೇ ಸಾಗುತ್ತದೆ. ದಕ್ಷಿಣದ ರಾಮಾಯಣ ಮಾತ್ರ ಅಪ್ರದಕ್ಷಿಣೆ! ಮೊದಲ ಫಲಕ ಹಿಂದಿನ ತುದಿಯಲ್ಲಿ, ಕಥೆ ಅಲ್ಲಿಂದ ಮುಂಬಾಗಿಲ ಕಡೆಗೆ ಬರುತ್ತದೆ. ಒಮ್ಮೆ ಒಂದು ತಂಡ ಮೇಷ್ಟ್ರು ಬರುವುದಕ್ಕೆ ಮೊದಲೇ ಗುಡಿಯನ್ನು ಪ್ರದಕ್ಷಿಣೆಯಾಗಿ ಸುತ್ತುತ್ತಾ ಒಂದೇ ಓಟದಲ್ಲಿ ಚಿತ್ರ ತೆಗೆದಿತ್ತಂತೆ. ಬಹಳ ಸುಂದರವಾಗಿ ಬಂದಿತ್ತು. ಆದರೆ ಅದರಲ್ಲಿ ರಾವಣ ಮೊದಲು ಸತ್ತು, ಆಮೇಲೆ ಸೀತೆಯ ಅಪಹರಣವಾಗಿ, ಕೊನೆಗೆ ದಶರಥನಿಗೆ ಮಕ್ಕಳಾಗುತ್ತಿದ್ದವು. ಮೇಷ್ಟ್ರು ಹೇಳಿದ ಮೇಲೆ ಅವರು ಮರುದಿನ ಪೂರ್ತಿ ಮತ್ತೆ ತೆಗೆದರು. "ಒಳ್ಳೆ ಹುಡುಗರು. ಬೇಜಾರು ಮಾಡಿಕೊಳ್ಳಲಿಲ್ಲ" ಅಂದರು.

ನಾವು ಹಿಂದಿನ ತುದಿಯಿಂದ ಶುರುಮಾಡಿದೆವು. ಮಳೆಗೆ ನೆನೆದ ಕಲ್ಲು ಕಪ್ಪಾಗಿತ್ತು, ವಾಲಿದ ಬಿಸಿಲು ಬದಿಯಿಂದ ಬೀಳುತ್ತಿತ್ತು. ಕನ್ನಡಿ ಬೇಕಾಗಲೇ ಇಲ್ಲ. ಅಂಗೈ ಅಗಲದಷ್ಟು ಕೋತಿಗಳು ಕಲ್ಲು ಹೊತ್ತು ಸೇತುವೆ ಕಟ್ಟುತ್ತಿದ್ದವು. ತಮ್ಮ ಅಲ್ಲಿಂದ ಕದಲಲಿಲ್ಲ. ಅವನಿಗೆ ಗುಡಿಗಳೆಂದರೆ ಅಷ್ಟಕ್ಕಷ್ಟೆ ಇತ್ತು, ಈಗ ಒಂದೊಂದು ಫಲಕಕ್ಕೂ "ಇದು ಯಾರು ಮೇಷ್ಟ್ರೇ?" ಅಂತ ಕೇಳುತ್ತಿದ್ದ.

ಹೊರಡುವಾಗ ಮೇಷ್ಟ್ರಿಗೆ ಒಂದು ಫೋನು. ಮುಂದಿನ ವಾರ ಅರಸೀಕೆರೆಯ ಈಶ್ವರ ಗುಡಿಯಲ್ಲಿ ಚಿತ್ರೀಕರಣ. 1220ರ ಗುಡಿ, ಮುಂದಿನ ಮಂಟಪ ಹದಿನಾರು ಮೂಲೆಯ ನಕ್ಷತ್ರದ ಆಕಾರ. ಆ ಕಡೆಯವರು ಯಾವುದೋ ಸಾಲು ಓದಿ ಹೇಳಿದರು. ಪ್ರಪಂಚದಲ್ಲೇ ಮೊದಲು ಅನ್ನುವಂಥ ಮಾತು ಇರಬೇಕು. ಮೇಷ್ಟ್ರು ಪೂರ್ತಿ ಕೇಳಿಸಿಕೊಂಡರು. "ಅದನ್ನ ತೆಗೆದುಬಿಡಿ. ಮೂಲೆ ಎಣಿಸಿ ತೋರಿಸಿ, ಸಾಕು. ನೋಡಿದವರಿಗೇ ಗೊತ್ತಾಗುತ್ತೆ" ಅಂದರು. ಆಮೇಲೆ ಬೆಳಿಗ್ಗೆ ಎಷ್ಟು ಗಂಟೆಗೆ ಬರಬೇಕು, ಯಾವ ಕಡೆ ನಿಲ್ಲಬೇಕು, ಟ್ರೈಪಾಡಿನ ಅನುಮತಿ ಪತ್ರ ಬಂತಾ, ಕಾವಲಿನವರಿಗೂ ಸೇರಿಸಿ ಊಟ ಹೇಳಿದ್ದೀರಾ ಅಂತ ಒಂದೊಂದಾಗಿ ಕೇಳಿದರು. ತರೀಕೆರೆಯಲ್ಲಿ ಊಟ ಮಾಡಿ, ಕಡೂರಿನ ಮೇಲೆ ಹಾಸನದ ದಾರಿ ಹಿಡಿದಾಗ ಐದಾಗಿತ್ತು. ಹಿಂದಿನ ಸೀಟಿನಲ್ಲಿ ಮೇಷ್ಟ್ರು ಕಾಗದ ತೆಗೆದು, ಅರಸೀಕೆರೆಗೆ ಹೇಳಬೇಕಾದ ಹನ್ನೊಂದು ನಿಮಿಷವನ್ನು ಬರೆಯತೊಡಗಿದರು.